ನೇತ್ರಾಣಿಗೆ ಹೋಗಬೇಕೆ?

ಮುರುಡೇಶ್ವರಕ್ಕೆ ಸಂಸಾರಸಮೇತ ಹೋದವರಿಗೆ ದೇವರ ದರ್ಶನವಾದ ಮೇಲೆ ಒಂದು ಧರ್ಮಸಂಕಟ ಎದುರಾಗುತ್ತದೆ. ೧೨೩ ಅಡಿ ಎತ್ತರದ ಶಿವನ ವಿಗ್ರಹವನ್ನು ಕತ್ತು ನೋಯುವವರೆಗೆ ನೋಡಿಯಾಯಿತು. ಇಪ್ಪತ್ತು ಅಂತಸ್ತಿನ ರಾಜಗೋಪುರದ ಮೇಲಕ್ಕೆ ಲಿಫ್ಟಿನಲ್ಲಿ ಹೋಗಿ ಬಂದದ್ದೂ ಆಯಿತು. ಮಬ್ಬಿಲ್ಲದ ದಿನವಾದರೆ ಆ ಗೋಪುರದಿಂದ ಪಡುವಣಕ್ಕೆ ಕಣ್ಣು ಹಾಯಿಸಿದವರಿಗೆ ಕಡಲಿನ ಅಂಚಿನಲ್ಲಿ ಕಪ್ಪನೆಯ ಒಂದು ಗುಡ್ಡ ಕಾಣಿಸುತ್ತದೆ. “ಅದೇ ನೇತ್ರಾಣಿ” ಎಂದು ಪಕ್ಕದಲ್ಲಿದ್ದವರು ಯಾರೋ ಹೇಳುತ್ತಾರೆ. ಕೆಳಗಿಳಿದು ಚಪ್ಪಲಿ ಹುಡುಕಿ ಮೆಟ್ಟುವಷ್ಟರಲ್ಲಿ ಮಕ್ಕಳ ಕೈಯಲ್ಲಿ ಬಣ್ಣಬಣ್ಣದ ಒಂದು ಚೀಟಿ ಬಂದುಬಿಟ್ಟಿರುತ್ತದೆ: ದೋಣಿಯಲ್ಲಿ ದ್ವೀಪದವರೆಗೆ ಪಯಣ, ನೀರಿನಲ್ಲಿ ಮುಖವಿಟ್ಟು ಹವಳ ಮತ್ತು ಮೀನುಗಳ ವೀಕ್ಷಣೆ, ಜೊತೆಗೊಬ್ಬ ಮಾರ್ಗದರ್ಶಕ, ಕೊನೆಯಲ್ಲಿ ಲಘು ಉಪಾಹಾರ. ಹೋಗುವುದೆ, ಬಿಡುವುದೆ?

೨೦೨೨ರಲ್ಲಿ ತೆರೆಕಂಡ, ಪುನೀತ್ ರಾಜಕುಮಾರ್ ಅವರ ‘ಗಂಧದ ಗುಡಿ’ ಸಾಕ್ಷ್ಯಚಿತ್ರದಲ್ಲಿ ಆ ಕಡಲತಳವನ್ನು ಕಂಡ ಮಕ್ಕಳಿರುವ ಮನೆಯಲ್ಲಿ “ಬಿಡುವುದು” ಎಂಬ ಉತ್ತರಕ್ಕೆ ಬಹುಮತ ದೊರೆಯುವುದು ಕಷ್ಟ. ನಮ್ಮ ಮನೆಯಲ್ಲಿಯೂ ದೊರೆಯಲಿಲ್ಲ. ಕಳೆದ ಚಳಿಗಾಲದಲ್ಲಿ ನಾನು, ನನ್ನ ಶ್ರೀಮತಿ, ಕಾಲೇಜು ಓದುವ ಮಗಳು, ಹದಿಮೂರು ವರ್ಷದ ಮಗ, ಹೀಗೆ ನಾಲ್ವರೂ ಹೋಗಿಬಂದೆವು. ನಾಲ್ವರಿಗಾಗಿ ತೆತ್ತ ಹಣ ನಾವು ಇಳಿದುಕೊಂಡಿದ್ದ ವಸತಿಗೃಹದ ಮೂರು ರಾತ್ರಿಯ ಬಾಡಿಗೆಯನ್ನು ಮೀರಿತು. ಅಂದಿನಿಂದ ನೆಂಟರಿಷ್ಟರಲ್ಲಿ ಅನೇಕರು “ಕೊಟ್ಟ ದುಡ್ಡಿಗೆ ಮೋಸವಿಲ್ಲವಷ್ಟೆ?” ಎಂದು ಕೇಳುತ್ತಲೇ ಇದ್ದಾರೆ. ಒಂದು ಮಾತಿನಲ್ಲಿ ಉತ್ತರ ಹೇಳಲು ನನ್ನಿಂದಾಗಿಲ್ಲ. ಏಕೆಂದರೆ ನಮ್ಮ ನಾಲ್ವರಲ್ಲಿ ಇಬ್ಬರಿಗೆ ಅದು ಕೊಟ್ಟ ಹಣಕ್ಕಿಂತ ಹೆಚ್ಚಿನದಾಯಿತು. ಒಬ್ಬನಿಗೆ ಬರೀ ಹೊಟ್ಟೆ ತೊಳಸಾಟವಾಯಿತು. ಇನ್ನೊಬ್ಬನಿಗೆ ಏನಾಯಿತೆಂಬುದನ್ನು ಮುಂದೆ ಹೇಳುತ್ತೇನೆ.

ಮೊದಲು ಸ್ಥಳದ ಪರಿಚಯ. ನೇತ್ರಾಣಿ ಉತ್ತರಕನ್ನಡ ಜಿಲ್ಲೆಯ ಭಟ್ಕಳ ತಾಲ್ಲೂಕಿಗೆ ಸೇರಿದುದು. ಮುರುಡೇಶ್ವರದ ತೀರದಿಂದ ಸುಮಾರು ೧೯ ಕಿಲೋಮೀಟರ್ ದೂರ. ಮೇಲಿನಿಂದ ನೋಡಿದರೆ ಹೃದಯದ ಆಕಾರದಲ್ಲಿ ಕಾಣುವ ಈ ದ್ವೀಪವನ್ನು ಇಂಗ್ಲಿಷಿನವರು ತಮ್ಮ ನಕಾಶೆಗಳಲ್ಲಿ ‘ಪಾರಿವಾಳ ದ್ವೀಪ’ ಎಂಬ ಅರ್ಥದ ಹೆಸರಿನಿಂದ ಕರೆದರು. ಮೀನುಗಾರರಿಗೆ ಇದು ದೈವದ ಸ್ಥಳ. ಹರಕೆ ಹೊತ್ತವರು ಆಡುಗಳನ್ನು ತಂದು ಇಲ್ಲಿ ಬಿಡುವ ವಾಡಿಕೆಯುಂಟು. ಹಿಂದೂ, ಮುಸ್ಲಿಮ್, ಕ್ರೈಸ್ತ ಮೂರೂ ಮತದವರು ಈ ಬಂಡೆಗೆ ನಡೆದುಕೊಳ್ಳುತ್ತಾರೆ. ಬಿಳಿಹೊಟ್ಟೆಯ ಕಡಲಹದ್ದು ಇಲ್ಲಿ ಗೂಡು ಕಟ್ಟುತ್ತದೆ. ಇಂಥ ಜಾಗವನ್ನು ನಮ್ಮ ನೌಕಾಪಡೆ ಗುಂಡಿನ ಅಭ್ಯಾಸದ ಗುರಿಯಾಗಿ ಬಳಸಿದ್ದೂ ಉಂಟು. ಹಕ್ಕಿಗಳ ಮತ್ತು ಹವಳದ ಪರವಾಗಿ ಮಾತನಾಡುವವರು ಅದನ್ನು ಬಲವಾಗಿ ವಿರೋಧಿಸಿದರು.

‘ದ್ವೀಪಯಾತ್ರೆ’ ಎಂಬ ಮಾತನ್ನು ಕೇಳಿ ಬುತ್ತಿ ಕಟ್ಟಿಕೊಂಡು ಹೊರಡುವವರು ಒಂದು ಸಂಗತಿಯನ್ನು ತಿಳಿದಿರಬೇಕು: ನಮ್ಮ ದೋಣಿ ದ್ವೀಪದ ದಡವನ್ನು ಮುಟ್ಟಲೇ ಇಲ್ಲ. ಅಲ್ಲಿರುವುದು ಕಡಿದಾದ ಬಂಡೆ. ಹಾಸಿ ಕೂರಲು ಮರಳದಂಡೆಯಿಲ್ಲ. ಬಂಡೆಯಿಂದ ಒಂದಿಷ್ಟು ದೂರದಲ್ಲಿ ದೋಣಿಯನ್ನು ನಿಲ್ಲಿಸಿ, ಅಲ್ಲಿಂದಲೇ ನೀರಿಗೆ ಇಳಿಸುತ್ತಾರೆ. ಬೆಳಿಗ್ಗೆ ಏಳಕ್ಕೆ ಹೊರಟು ಮಧ್ಯಾಹ್ನ ಒಂದರ ಹೊತ್ತಿಗೆ ಹಿಂತಿರುಗಿದ ನಾವು ನೀರಿನಲ್ಲಿದ್ದದ್ದು ಹೆಚ್ಚೆಂದರೆ ನಲವತ್ತು ನಿಮಿಷ. ಉಳಿದ ಐದು ಗಂಟೆಯೂ ದೋಣಿ, ಕಾಯುವಿಕೆ, ಮತ್ತೆ ದೋಣಿ. ಹಣವನ್ನು ಆ ನಲವತ್ತು ನಿಮಿಷದಿಂದ ಭಾಗಿಸಿ ನೋಡಿದರೆ ಎದೆ ಧಸಕ್ಕೆನ್ನುತ್ತದೆ. ಹಾಗೆ ಭಾಗಿಸಬಾರದೆಂದು ಮಗಳ ವಾದ.

ಇನ್ನು ಈ ಸ್ನಾರ್ಕೆಲಿಂಗ್ ಎಂದರೇನು? ಬೆನ್ನಿಗೆ ಗಾಳಿಯ ಉರುಳೆ ಕಟ್ಟಿಕೊಂಡು ತಳಕ್ಕಿಳಿಯುವ ಸ್ಕೂಬಾ ಬೇರೆ, ಇದು ಬೇರೆ. ಇದರಲ್ಲಿ ನಾವು ನೀರಿನ ಮೇಲೆಯೇ ಬೋರಲಾಗಿ ತೇಲುತ್ತೇವೆ. ಕಣ್ಣು ಮೂಗುಗಳನ್ನು ಮುಚ್ಚುವ ಗಾಜಿನ ಮುಖವಾಡ. ಬಾಯಲ್ಲಿ ಕಚ್ಚಿ ಹಿಡಿಯುವ, ತುದಿ ನೀರಿನಿಂದ ಮೇಲೆ ನಿಲ್ಲುವ ಒಂದು ಕೊಳವೆ. ಮೈಗೆ ಲೈಫ್ ಜಾಕೆಟ್. ಕೊಳವೆ ಒಂದಡಿಗಿಂತ ಸ್ವಲ್ಪ ಉದ್ದವಿರುತ್ತದೆ, ಅಷ್ಟೆ. “ಇನ್ನೂ ಉದ್ದ ಮಾಡಿದರೆ ಆಳಕ್ಕೆ ಹೋಗಬಹುದಲ್ಲ?” ಎಂದು ಮಗ ಕೇಳಿದ. ಆಗದು. ನೀರು ಎದೆಯನ್ನು ಒತ್ತುವ ಒತ್ತಡ ಆಳಕ್ಕೆ ಹೋದಂತೆ ಹೆಚ್ಚುತ್ತದೆ. ಮೂರು ನಾಲ್ಕು ಅಡಿ ಕೆಳಗಿದ್ದುಕೊಂಡು ಮೇಲಿನ ಗಾಳಿಯನ್ನು ಎಳೆದುಕೊಳ್ಳುವ ಬಲ ನಮ್ಮ ಪಕ್ಕೆಲುಬಿನ ಸ್ನಾಯುಗಳಿಗಿಲ್ಲ. ಅದಲ್ಲದೆ, ಉದ್ದದ ಕೊಳವೆಯಲ್ಲಿ ನಾವು ಬಿಟ್ಟ ಉಸಿರೇ ಉಳಿದುಕೊಂಡು ಮತ್ತೆ ಒಳಕ್ಕೆ ಬರುತ್ತದೆ. ಗಿಡ್ಡ ಕೊಳವೆಯಲ್ಲಿಯೂ ಗಾಬರಿಯಿಂದ ಮೇಲುಮೇಲೆ ಏದುಸಿರು ಬಿಡುವವರಿಗೆ ಆಗುವುದು ಇದೇ. ಈ ವಿಷಯವನ್ನು ಬಾಯಿಪಾಠ ಮಾಡಿದ್ದ ನನಗೆ ಸಮಯಕ್ಕೆ ಅದು ನೆನಪಾಗಲಿಲ್ಲ.

ಮುಖವಾಡದ ಗಾಜಿಗೂ ನೀರಿಗೂ ನಡುವೆ ಬೆಳಕು ಬಾಗುವುದರಿಂದ ಎಲ್ಲವೂ ಇರುವುದಕ್ಕಿಂತ ಹತ್ತಿರ, ಇರುವುದಕ್ಕಿಂತ ದೊಡ್ಡದು. ನಾಲ್ಕಡಿ ದೂರದ ಮೀನು ಮೂರಡಿಯಲ್ಲಿ ತೋರುತ್ತದೆ. ದೋಣಿಗೆ ಬಂದವರೆಲ್ಲರೂ ಎರಡು ಕೈ ಚಾಚಿ ತೋರಿಸುವ ಮೀನಿನ ಅಳತೆಯನ್ನು ಹೀಗಾಗಿ ಪೂರ್ತಿ ಸುಳ್ಳೆನ್ನಲಾಗದು. ಕನ್ನಡಕ ಹಾಕುವವರು ಮುಖವಾಡದೊಳಗೆ ಕನ್ನಡಕವಿಡಲು ಆಗದೆಂಬುದನ್ನು ಮೊದಲೇ ಯೋಚಿಸಬೇಕು. ದೃಷ್ಟಿಗೆ ತಕ್ಕ ಗಾಜಿನ ಮುಖವಾಡವುಂಟೆ ಎಂದು ಹಿಂದಿನ ದಿನವೇ ವಿಚಾರಿಸಬೇಕು. ಮೀಸೆಯುಳ್ಳವರ ಮುಖವಾಡದೊಳಕ್ಕೆ ನೀರು ಸುಲಭವಾಗಿ ಜಿನುಗುತ್ತದೆ. ಗಾಜು ಮಂಜಾಗದಂತೆ ಒಳಗಡೆ ಎಂಜಲು ಸವರಿ ತೊಳೆಯಬೇಕೆಂದು ಮಾರ್ಗದರ್ಶಕ ಹೇಳಿದಾಗ ನನ್ನ ಶ್ರೀಮತಿಯ ಮುಖವನ್ನು ನೋಡಬೇಕಿತ್ತು. ಬೇರೆಯವರು ತೊಟ್ಟುಬಿಟ್ಟ ಮುಖವಾಡವೆಂಬುದೇ ಆಕೆಗೆ ಸಾಕಾಗಿತ್ತು.

ಆಕೆ ಬರಲೊಪ್ಪಿದ್ದೇ ದೊಡ್ಡ ಸಂಗತಿ. ೨೦೨೪ರ ಡಿಸೆಂಬರಿನಲ್ಲಿ ಇದೇ ಮುರುಡೇಶ್ವರದ ಕಡಲತೀರದಲ್ಲಿ, ಶಾಲೆಯ ಪ್ರವಾಸಕ್ಕೆಂದು ಬಂದ ನಾಲ್ವರು ಬಾಲಕಿಯರು ಅಲೆಗಳ ಪಾಲಾದರು. ಆ ಸುದ್ದಿಯನ್ನು ಓದಿದ ಯಾವ ತಾಯಿಯೂ ಮರೆತಿರಲಾರಳು. “ದಡದಲ್ಲಿಯೇ ಹೀಗಾದರೆ ನಡುಗಡಲಿನಲ್ಲಿ ಇನ್ನೇನು ಗತಿ?” ಎಂದು ಆಕೆ ಕೇಳಿದ್ದಕ್ಕೆ ನಾನು ಜಾಕೆಟು, ಮಾರ್ಗದರ್ಶಕ ಎಂದೆಲ್ಲ ಸಮಾಧಾನ ಹೇಳಿದೆ. ಹೇಳಿದ್ದು ಸುಳ್ಳಲ್ಲ. ಆದರೆ ಪೂರ್ತಿ ನಿಜವೂ ಅಲ್ಲ. ಜಾಕೆಟು ಮುಳುಗದಂತೆ ತಡೆಯುತ್ತದೆ, ಗಾಬರಿಯನ್ನು ತಡೆಯುವುದಿಲ್ಲ. ಅಮೆರಿಕದ ಹವಾಯಿ ದ್ವೀಪಗಳಲ್ಲಿ ನೀರಿಗೆ ಬಲಿಯಾಗುವ ಪ್ರವಾಸಿಗಳಲ್ಲಿ ಸ್ನಾರ್ಕೆಲಿಂಗಿಗೆ ಇಳಿದವರೇ ಹೆಚ್ಚು; ಅವರಲ್ಲಿಯೂ ನಡುವಯಸ್ಸು ದಾಟಿದ ಗಂಡಸರ ಪಾಲು ದೊಡ್ಡದು. ಹೃದಯದ ತೊಂದರೆ, ಉಬ್ಬಸ, ರಕ್ತದೊತ್ತಡವುಳ್ಳವರು ವೈದ್ಯರನ್ನು ಕೇಳದೆ ಇಳಿಯತಕ್ಕದ್ದಲ್ಲ. “ಬರೀ ತೇಲುವುದು ತಾನೆ” ಎಂಬ ಉದಾಸೀನ ಸಲ್ಲದು.

ನೇತ್ರಾಣಿಯ ವಿಷಯದಲ್ಲಿ ಇನ್ನೊಂದು ಅಂಶವುಂಟು. ಲಕ್ಷದ್ವೀಪದ ಕದ್‌ಮತ್, ಬಂಗಾರಂ ಮುಂತಾದ ಕಡೆ ಹವಳದ ದಂಡೆಯೇ ಗೋಡೆಯಂತೆ ನಿಂತು ಅಲೆಗಳನ್ನು ತಡೆಯುತ್ತದೆ. ಒಳಗೆ ಕೊಳದಂಥ ತಿಳಿನೀರು, ಎದೆಮಟ್ಟದ ಆಳ, ಹೆದರಿದರೆ ಕಾಲೂರಿ ನಿಲ್ಲಬಹುದು. ಅಲ್ಲಿಗೆ ಹೋಗಲು ಪರವಾನಗಿ ಬೇಕು, ಹಡಗೋ ವಿಮಾನವೋ ಬೇಕು, ಖರ್ಚೂ ದೊಡ್ಡದು. ನೇತ್ರಾಣಿ ನಮ್ಮ ಮನೆಯ ಹಿತ್ತಲು. ಕೊಂಕಣ ರೈಲಿನಲ್ಲಿ ಬಂದು ಮುರುಡೇಶ್ವರದಲ್ಲಿಯೇ ಇಳಿಯಬಹುದು. ಆದರೆ ಅಲ್ಲಿರುವುದು ತೆರೆದ ಕಡಲು. ಕಾಲಿಗೆ ನೆಲ ಸಿಗುವುದಿಲ್ಲ. ಮೊದಲ ಸಲ ಮುಖವಾಡ ತೊಡುವವನಿಗೆ ಎರಡರಲ್ಲಿ ಕಷ್ಟದ ಪಾಠಶಾಲೆ ಇದೇ. ಹಣವನ್ನು ಉಳಿಸುವಾಗ ನಾವು ಏನನ್ನು ಬಿಟ್ಟುಕೊಡುತ್ತಿದ್ದೇವೆಂದು ನಮಗೆ ಯಾರೂ ಹೇಳಿರಲಿಲ್ಲ, ನಾವೂ ಕೇಳಿರಲಿಲ್ಲ.

ಹೊರಟ ದಿನ ಕಡಲು ಶಾಂತವಾಗಿಯೇ ಇತ್ತು. ಬೆಳಗಿನ ಜಾವ ಗಾಳಿ ಕಡಿಮೆ. ಬಿಸಿಲೇರಿದಂತೆ ಕಡಲಗಾಳಿ ಎದ್ದು ನೀರನ್ನು ಕದಡುತ್ತದೆ. ಆದ್ದರಿಂದ ಮೊದಲ ದೋಣಿಯೇ ಉತ್ತಮ. ಮಳೆಗಾಲದಲ್ಲಿ ಯಾತ್ರೆಯೇ ಇಲ್ಲ. ಮಳೆ ನಿಂತ ಕೂಡಲೆ ಹೋದರೂ ಶರಾವತಿಯಂಥ ಹೊಳೆಗಳು ಘಟ್ಟದಿಂದ ಹೊತ್ತು ತಂದ ಕೆಸರು ಇನ್ನೂ ಪೂರ್ತಿ ತಂಗಿರುವುದಿಲ್ಲ. ಡಿಸೆಂಬರ್, ಜನವರಿಗಳಲ್ಲಿ ನೀರು ತಿಳಿಯಾಗುತ್ತದೆ. ಇಷ್ಟೆಲ್ಲ ವಿಚಾರಿಸಿದ್ದ ನಾನು, ಹೊರಡುವ ಮುನ್ನ ತೀರದ ಹೋಟೆಲಿನಲ್ಲಿ ನಾಲ್ಕು ಬನ್ಸು, ಭಾಜಿ, ಮೇಲೆ ಎರಡು ಲೋಟ ಚಹಾ ಸೇವಿಸಿದೆ. ಅರ್ಧ ದಾರಿಯಲ್ಲಿ ಅವೆಲ್ಲವೂ ಅರಬ್ಬೀ ಸಮುದ್ರಕ್ಕೆ ಅರ್ಪಿತವಾದವು. ದೋಣಿ ಓಡುತ್ತಿರುವಾಗ ಅಷ್ಟು ತೋರುವುದಿಲ್ಲ. ಲಂಗರು ಹಾಕಿ ನಿಂತಾಗ ಅದು ತೊಟ್ಟಿಲಿನಂತೆ ತೂಗುತ್ತದಲ್ಲ, ಆಗ ಅನುಭವ ಪೂರ್ಣವಾಗುತ್ತದೆ. ನಾನು ನೀರಿಗೆ ಇಳಿಯಲೇ ಇಲ್ಲ. ವಾಂತಿ ತಡೆಯುವ ಮಾತ್ರೆಯನ್ನು ವೈದ್ಯರ ಸಲಹೆಯಂತೆ ಹೊರಡುವ ಮುನ್ನವೇ ನುಂಗಬೇಕಂತೆ. ಶುರುವಾದ ಮೇಲೆ ನುಂಗಿದ್ದು ಒಳಗೆ ನಿಲ್ಲುವುದೂ ಇಲ್ಲ.

ಮಗಳು ಮೊದಲು ಇಳಿದಳು, ಆಮೇಲೆ ಶ್ರೀಮತಿ. ಈಜು ಬಾರದ ಆಕೆ ಏಣಿಯ ಕೊನೆಯ ಮೆಟ್ಟಿಲಿನಲ್ಲಿ ಬಹಳ ಹೊತ್ತು ನಿಂತಳು. ಮಾರ್ಗದರ್ಶಕ ಅಲ್ಲಿಯ ಮೀನುಗಾರರ ಕುಟುಂಬದ ಹುಡುಗ. “ಅಕ್ಕಾ, ಕೈ ಕೊಡಿ. ಉಸಿರು ಉದ್ದಕ್ಕೆ ಬಿಡಿ, ತೆಗೆಯೂದು ತನ್ನಷ್ಟಕ್ಕೆ ಆಗ್ತದೆ” ಎಂದ. ಆಕೆ ಮುಖವನ್ನು ನೀರಿನಲ್ಲಿಟ್ಟಳು. ಅಷ್ಟೆ. ಮತ್ತೆ ಮುಖವೆತ್ತಿದ್ದು ಹತ್ತು ನಿಮಿಷದ ಮೇಲೆ, ಅದೂ ದೋಣಿಯ ಕಡೆಗೆ ಕೈಬೀಸಲು. ಆ ಹುಡುಗನ ಕೈಯನ್ನು ಆಕೆ ಕೊನೆಯವರೆಗೂ ಬಿಡಲಿಲ್ಲವಂತೆ. ಕೆಳಗೆ ಬಂಡೆಗೆ ಹತ್ತಿದ ಹವಳ, ಅದನ್ನು ಕುಟುಕುವ ಗಿಳಿಮೀನುಗಳು, ಜೋಡಿಜೋಡಿಯಾಗಿ ಸುಳಿವ ಹಳದಿಯ ಚಿಟ್ಟೆಮೀನುಗಳು. “ಕಿವಿಗೆ ಏನೋ ಚಟಪಟ ಎಂದು ಒಗ್ಗರಣೆ ಸಿಡಿದ ಹಾಗೆ ಕೇಳಿಸಿತು” ಎಂದಳು. ನಿಜವೇ, ಬಂಡೆಗಳ ಸಂದಿಯ ಒಂದು ಜಾತಿಯ ಪುಟ್ಟ ಸೀಗಡಿಗಳು ಕೊಂಡಿ ಸಿಡಿಸುವ ಸದ್ದು ಹವಳದ ಕಡಲಿನಲ್ಲೆಲ್ಲ ಹಾಗೆ ಕೇಳುವುದುಂಟು.

ಮಗಳಿಗೆ ಮಾತ್ರ ಕೊಂಚ ನಿರಾಶೆ. ಚಲನಚಿತ್ರದಲ್ಲಿ ಕಂಡ ಕೆಂಪು, ಕಿತ್ತಳೆಗಳು ಎಲ್ಲಿ? ನೀರು ಬೆಳಕಿನ ಕೆಂಪು ಬಣ್ಣವನ್ನು ಮೊದಲು ನುಂಗುತ್ತದೆ; ಕೆಲವೇ ಮೀಟರಿನ ಆಳದಲ್ಲಿ ಎಲ್ಲವೂ ನೀಲಿಹಸುರಾಗಿ ಮಂಕಾಗುತ್ತದೆ. ಚಿತ್ರ ತೆಗೆಯುವವರು ತಳಕ್ಕೇ ಇಳಿದು, ಹತ್ತಿರದಿಂದ ನೋಡಿ, ದೀಪವನ್ನು ಬಳಸುತ್ತಾರೆ, ಆಮೇಲೆ ಬಣ್ಣವನ್ನು ತಿದ್ದುತ್ತಾರೆ. ಮೇಲೆ ತೇಲುವವನಿಗೆ ಕಾಣುವುದು ಮಹಡಿಯಿಂದ ಬೀದಿಯನ್ನು ನೋಡಿದಂತೆ. ಬೀದಿ ಸೊಗಸಾಗಿದ್ದರೆ ಅದೂ ಸಾಲದೆ? ಸಾಲದೆನ್ನುವವರು ಸ್ಕೂಬಾಕ್ಕೇ ಹಣ ಕೂಡಿಡಬೇಕು.

ಇನ್ನು ಮಗ. ಇಡೀ ಯಾತ್ರೆಗೆ ಹಟ ಹಿಡಿದವನೇ ಅವನು. ಬೆಂಗಳೂರಿನ ಈಜುಕೊಳದಲ್ಲಿ ಎರಡು ಬೇಸಗೆ ತರಬೇತಾದವನು, ಪದಕವನ್ನೂ ತಂದವನು. ನೀರಿಗೆ ಇಳಿದವನೇ ಮುಖವಿಟ್ಟ, ಕೊಳವೆಯೊಳಕ್ಕೆ ಒಂದು ಅಲೆ ನುಗ್ಗಿತು, ಉಪ್ಪುನೀರು ಗಂಟಲಿಗೆ ಹೋಯಿತು. ಮುಖವಾಡವನ್ನು ಕಿತ್ತೆಸೆದು, ಕೆಮ್ಮುತ್ತ, ಏಣಿಯನ್ನು ಹಿಡಿದು ಮೇಲಕ್ಕೆ ಬಂದುಬಿಟ್ಟ. ತುಟಿಗಳು ಬಿಳಿಚಿಕೊಂಡಿದ್ದವು. ಈಜು ಬಲ್ಲವನು ಮುಖವೆತ್ತಿ ಉಸಿರಾಡಿ ರೂಢಿಯಾದವನು. ಮುಖ ಮುಳುಗಿಸಿಕೊಂಡೇ ಬಾಯಿಂದ ಉಸಿರಾಡುವುದು ಅವನಿಗೂ ಹೊಸ ವಿದ್ಯೆ. ಇದು ನನಗೆ ಈಗ ಗೊತ್ತು. ಆಗ, ಹೊಟ್ಟೆ ತೊಳಸಿ ಮೂಲೆಯಲ್ಲಿ ಮುದುರಿದ್ದ ನನಗೆ ಕಂಡದ್ದು ಚೀಟಿಯ ಮೇಲಿದ್ದ ಮೊತ್ತ ಮಾತ್ರ. “ಇಷ್ಟು ದುಡ್ಡು ಸುರಿದು ಬಂದಿದ್ದೀವಿ, ಅಮ್ಮನೇ ಇಳಿದಿದ್ದಾಳೆ, ನಿನಗೇನೋ ಧಾಡಿ? ಇಳಿ!” ಎಂದು ದೋಣಿಯವರೆಲ್ಲ ಕೇಳುವಂತೆ ಗದರಿದೆ. ಹುಡುಗ ಮಾತಾಡದೆ ಮತ್ತೆ ಮುಖವಾಡವನ್ನು ಎತ್ತಿಕೊಂಡ. ಅವನ ಕೈ ನಡುಗುತ್ತಿತ್ತು.

ದೋಣಿಯಲ್ಲಿದ್ದ ಎರಡನೆಯ ಮಾರ್ಗದರ್ಶಕ, ವಯಸ್ಸಾದವನು, ಬಂದು ಆ ಮುಖವಾಡವನ್ನು ಮೆಲ್ಲನೆ ಅವನ ಕೈಯಿಂದ ತೆಗೆದುಕೊಂಡ. “ಇವತ್ತು ತಮ್ಮ ಇಳಿಯೂದು ಬೇಡ ಸಾರ್. ಹೆದರಿಕೆ ಆದವನನ್ನು ನಾನು ಕಳಿಸೂದಿಲ್ಲ” ಎಂದ. ಹಣ ತೆತ್ತ ಗಿರಾಕಿಗೆ ಹೀಗೆ ಹೇಳಬಲ್ಲವನೇ ಮಾರ್ಗದರ್ಶಕ. ಈ ಯಾತ್ರೆಯಲ್ಲಿ ನಾವು ನಿಜವಾಗಿ ಬೆಲೆ ಕೊಡುವುದು ಅಂಥವನಿಗೆ, ಮೀನಿಗಲ್ಲ. ಆ ಹೊತ್ತಿಗೆ ನನಗೆ ಹಾಗೆನ್ನಿಸಲಿಲ್ಲವೆಂಬುದನ್ನು ಒಪ್ಪಿಕೊಳ್ಳಬೇಕು. ನನಗೆ ಅವಮಾನವಾಗಿತ್ತು. ಮಗ ದೋಣಿಯ ಇನ್ನೊಂದು ತುದಿಗೆ ಹೋಗಿ ನನಗೆ ಬೆನ್ನು ಹಾಕಿ ಕುಳಿತ. ತೀರ ಸೇರುವವರೆಗೂ ಒಂದು ಮಾತಾಡಲಿಲ್ಲ.

ಆದ್ದರಿಂದ, ಯಾರಾದರೂ ನನ್ನನ್ನು ಕೇಳಿದರೆ ನಾನು ಮೀನಿನ ಮಾತೆತ್ತುವುದಿಲ್ಲ. ಚೀಟಿ ಕೊಳ್ಳುವ ಮುನ್ನ ಹೀಗೆ ವಿಚಾರಿಸಿ ಎನ್ನುತ್ತೇನೆ: ನೀರಿನೊಳಗೆ ನಮ್ಮ ಜೊತೆ ಇಳಿಯುವವರು ಯಾರು, ಒಬ್ಬ ಮಾರ್ಗದರ್ಶಕನಿಗೆ ಎಷ್ಟು ಜನ? ಸ್ಕೂಬಾದವರೂ ಸ್ನಾರ್ಕೆಲಿನವರೂ ಒಂದೇ ದೋಣಿಯಲ್ಲಿ ಹೋಗುವುದಾದರೆ, ತಳಕ್ಕಿಳಿಯುವವರ ಹಿಂದೆ ಎಲ್ಲರೂ ಹೋಗಿ ಮೇಲಿನವರು ಅನಾಥರಾಗುವುದಿಲ್ಲವಷ್ಟೆ? ಮಕ್ಕಳ ಅಳತೆಯ ಜಾಕೆಟು ಇದೆಯೆ, ತೊಡಿಸಿ ತೋರಿಸುತ್ತಾರೆಯೆ? ಕಡಲು ಕೆಟ್ಟರೆ ಹಣ ಮರಳುತ್ತದೆಯೆ? ಈ ಕೊನೆಯ ಪ್ರಶ್ನೆಗೆ ‘ಇಲ್ಲ’ ಎಂಬ ಉತ್ತರ ಬಂದರೆ ಅಲ್ಲಿಂದ ಎದ್ದುಬರುವುದು ಲೇಸು. ಹಣ ಮರಳಿಸಲಾಗದವನಿಗೆ ಕಡಲು ಯಾವಾಗಲೂ ಚೆನ್ನಾಗಿಯೇ ಕಾಣುತ್ತದೆ.

ಮನೆಮಂದಿಯೆಲ್ಲ ಒಟ್ಟಿಗೆ ಹೋಗಲೇಬೇಕೆಂಬ ನಮ್ಮ ಪದ್ಧತಿಯನ್ನೂ ಈ ಒಂದು ವಿಷಯದಲ್ಲಿ ಬಿಡಬಹುದು. ಮದುವೆಗೆ, ತೀರ್ಥಯಾತ್ರೆಗೆ ಅದು ಸರಿ. ನೀರಿಗೆ ಇಳಿಯುವ ಮನಸ್ಸಿಲ್ಲದವರನ್ನು “ಸುಮ್ಮನೆ ದೋಣಿಯಲ್ಲಿ ಕೂತಿರಿ” ಎಂದು ಕರೆದೊಯ್ಯುವುದು ಅವರಿಗೆ ಐದು ಗಂಟೆಯ ಶಿಕ್ಷೆ. ನಾನು ದಡದಲ್ಲಿ ಉಳಿದಿದ್ದರೆ ಬನ್ಸೂ ಉಳಿಯುತ್ತಿತ್ತು, ಮಗನನ್ನು ಗದರುವ ಸಂದರ್ಭವೂ ಬರುತ್ತಿರಲಿಲ್ಲ. ಹೋಗುವವರು ತೋಳು ತುಂಬ ಅಂಗಿ ತೊಡಲಿ. ಬೋರಲು ತೇಲುವವನ ಬೆನ್ನು ಬಿಸಿಲಿಗೆ ಸುಟ್ಟುಹೋಗುವುದು ಗೊತ್ತೇ ಆಗುವುದಿಲ್ಲ. ಕಾಲಿನಿಂದ ಹವಳವನ್ನು ಮೆಟ್ಟದಿರಲಿ. ಅದು ಕಲ್ಲಿನಂತೆ ಕಂಡರೂ ಸಾವಿರಾರು ಪುಟ್ಟ ಜೀವಿಗಳ ಮನೆ. ಗುಂಡು ಬಂಡೆಯಂತೆ ಬೆಳೆಯುವ ಜಾತಿಗಳು ವರ್ಷಕ್ಕೆ ಒಂದು ಸೆಂಟಿಮೀಟರಿನ ಆಸುಪಾಸು ಬೆಳೆಯುತ್ತವೆ. ನೆನಪಿಗೆಂದು ಒಂದು ಚೂರು ಮುರಿದು ತರುವುದು ೧೯೭೨ರ ವನ್ಯಜೀವಿ ಸಂರಕ್ಷಣಾ ಕಾಯಿದೆಯ ಪ್ರಕಾರ ಅಪರಾಧ. ಕಡಲು ಬಿಸಿಯಾಗಿ ಹವಳಗಳು ಬಿಳಿಚಿಕೊಳ್ಳುವ ಪಿಡುಗು ಲೋಕದಾದ್ಯಂತ ನಾಲ್ಕನೆಯ ಬಾರಿಗೆ ಹಬ್ಬಿದೆಯೆಂದು ೨೦೨೪ರಲ್ಲಿ ವಿಜ್ಞಾನಿಗಳು ಸಾರಿದರು; ಆ ವರ್ಷ ನಮ್ಮ ಲಕ್ಷದ್ವೀಪದ ಹವಳಕ್ಕೂ ದೊಡ್ಡ ಪೆಟ್ಟು ಬಿತ್ತು. “ಮುಂದೆಂದಾದರೂ ನೋಡಿದರಾಯಿತು” ಎನ್ನುವ ಮಾತಿಗೆ ಈಗ ಮೊದಲಿನ ಧೈರ್ಯವಿಲ್ಲ. ನನ್ನ ಶ್ರೀಮತಿ ಮತ್ತೆ ಹೋಗೋಣವೆನ್ನಲು ಕೊಡುವ ಕಾರಣ ಇದೇ.

ಮನೆಗೆ ಬಂದ ಮೂರು ವಾರದ ಮೇಲೆ ಮಗನ ಹತ್ತಿರ ತಪ್ಪಾಯಿತೆಂದೆ. ಅವನು “ಹೋಗಲಿ ಬಿಡಪ್ಪಾ” ಎಂದ. ಆಮೇಲೆ ತನಗೆ ಸ್ವಂತದ್ದೊಂದು ಮುಖವಾಡವೂ ಕೊಳವೆಯೂ ಬೇಕೆಂದ. ಕೊಡಿಸಿದೆ. ಈಗ ಭಾನುವಾರದ ಬೆಳಿಗ್ಗೆ ಬಚ್ಚಲುಮನೆಯ ದೊಡ್ಡ ಟಬ್ಬಿನಲ್ಲಿ ಮುಖವಿಟ್ಟುಕೊಂಡು ಉಸಿರುಗಳನ್ನು ಎಣಿಸುತ್ತಾನೆ. ಮೊದಲ ವಾರ ಹನ್ನೆರಡಕ್ಕೆ ಮುಖವೆತ್ತಿದ್ದ. ಹೊರಡುವ ಮೊದಲೇ ನಾವೆಲ್ಲರೂ ಮಾಡಬೇಕಾಗಿದ್ದ ಅಭ್ಯಾಸ ಇದು. ಒಂದು ಟಬ್ಬು ನೀರಿನ ಖರ್ಚು. ಬರುವ ಜನವರಿಯಲ್ಲಿ ಹೋಗುವುದೋ ಬಿಡುವುದೋ, ಅವನೇ ಹೇಳಲೆಂದು ಬಿಟ್ಟಿದ್ದೇನೆ. ಹೋದ ಭಾನುವಾರ ಎಣಿಕೆ ಇನ್ನೂರನ್ನು ದಾಟಿತು. ಹೊರಗೆ ಸ್ನಾನಕ್ಕೆ ಕಾದು ನಿಂತಿದ್ದ ಅವನ ಅಕ್ಕ ಬಾಗಿಲನ್ನು ಬಡಿಯುತ್ತಿದ್ದಳು.